ಹನ್ನೊಂದು ವರ್ಷದ ಇಂಟರ್ವಲ್

ಅಕ್ಕ ಕೆಲಸ ಬಿಡಲು ಅಪ್ಪ ಒಪ್ಪಿದ್ದು ನನ್ನ ವಾದಕ್ಕೆ ಸೋತು ಎಂದು ನಮ್ಮ ಮನೆಯಲ್ಲಿ ಹೇಳುತ್ತಾರೆ. ಅಮ್ಮ ಇದನ್ನು ನೆಂಟರಿಗೆ ಕಾಫಿ ಕೊಡುವ ಮೊದಲೇ ಒಪ್ಪಿಸುತ್ತಾಳೆ. “ಮೂವತ್ತು ವರ್ಷದಿಂದ ನನ್ನ ಒಂದು ಮಾತಿಗೂ ಹೂಂ ಅನ್ನದ ಮನುಷ್ಯ, ಇವನು ಅರ್ಧ ಗಂಟೆ ಮಾತಾಡಿದ್ದಕ್ಕೆ ಸರಿ ಅಂದ್ಬಿಟ್ರು ನೋಡಿ!” ನೆಂಟರು ನನ್ನ ಕಡೆ ತಿರುಗುತ್ತಾರೆ. ನಾನು ವಿನಯದಿಂದ ಫ್ಯಾನು ನೋಡುತ್ತೇನೆ.

ಒಂಬತ್ತು ತಿಂಗಳು ನಾನೂ ಈ ಕಥೆಯನ್ನು ನಂಬಿದ್ದೆ. ಒಂದು ಕೆಲಸದ ಸಂದರ್ಶನದಲ್ಲಿ “ನಿಮ್ಮ ದೊಡ್ಡ ಸಾಧನೆ ಯಾವುದು” ಎಂದು ಕೇಳಿದಾಗ ಇದನ್ನೇ ಹೇಳಿದ್ದೆ. ಆ ಕೆಲಸ ಸಿಗಲಿಲ್ಲ. ಈಗ ಯೋಚಿಸಿದರೆ, ಮೇಜಿನ ಆಚೆ ಕೂತಿದ್ದವರಿಗೆ ನನಗಿಂತ ಮೊದಲೇ ಏನೋ ಅನುಮಾನ ಬಂದಿರಬೇಕು. ಹಾಗಾಗಿ ಈ ಕಥೆಯ ವಿರುದ್ಧ ಮಾತಾಡಲು ನಾನೇ ಎದ್ದು ನಿಲ್ಲಬೇಕಾಗಿದೆ. ಸಮಯ ಮುಗಿಯಿತೆಂದು ಗಂಟೆ ಬಾರಿಸುವವರು ಸ್ವಲ್ಪ ತಡೆಯಲಿ.

ಪಿಯುಸಿಯಿಂದ ಡಿಗ್ರಿ ಮುಗಿಯುವವರೆಗೆ ಐದು ವರ್ಷ ನಾನು ಚರ್ಚಾಸ್ಪರ್ಧೆಗಳಲ್ಲಿ ಮಾತಾಡಿದವನು. ವಿಜಯನಗರ, ರಾಜಾಜಿನಗರ, ಕೆಂಗೇರಿಯ ಕಾಲೇಜು ಸಭಾಂಗಣಗಳಲ್ಲಿ ‘ಮೊಬೈಲು ವರವೋ ಶಾಪವೋ’ ಎಂಬ ಒಂದೇ ವಿಷಯದ ಮೇಲೆ ಪರವಾಗಿ ಆರು ಸಲ, ವಿರೋಧವಾಗಿ ಐದು ಸಲ ಗೆದ್ದಿದ್ದೇನೆ. ನನ್ನ ನಿಜವಾದ ಅಭಿಪ್ರಾಯವೇನೆಂದು ಯಾರೂ ಕೇಳಲಿಲ್ಲ. ಕೇಳಿದ್ದರೆ ಒಂದು ಮತದ ಅಂತರದಲ್ಲಿ ವರ ಎನ್ನುತ್ತಿದ್ದೆ. ಇದರಿಂದ ಹತ್ತಿದ ಚಟವೆಂದರೆ, ಯಾರು ಏನು ಹೇಳಿದರೂ “ಮೂಲ ಎಲ್ಲಿ?” ಎಂದು ಕೇಳುವುದು. “ಮೋಡ ಆಗಿದೆ, ಬಟ್ಟೆ ತೆಗಿಯೋ” ಎಂದು ಅಮ್ಮ ಕೂಗಿದರೆ, ಮೂಲ ಎಲ್ಲಿ? ಬಟ್ಟೆ ನೆನೆದ ಮೇಲೆ ಮೂಲ ಸಿಗುತ್ತಿತ್ತು.

ಅಕ್ಕ ನನಗಿಂತ ನಾಲ್ಕು ವರ್ಷ ದೊಡ್ಡವಳು. ಚಿತ್ರಕಲೆಯ ಡಿಪ್ಲೊಮಾ ಮುಗಿಸಿ ರಾಜಾಜಿನಗರದ ಕೈಗಾರಿಕಾ ಪ್ರದೇಶದಲ್ಲಿ, ಬೇರಿಂಗ್ ಅಂಗಡಿಯ ಮೇಲಿನ ಮಹಡಿಯಲ್ಲಿದ್ದ ಒಂದು ಅನಿಮೇಷನ್ ಸ್ಟುಡಿಯೋ ಸೇರಿದಳು. ಜಪಾನಿನ ಕಾರ್ಟೂನು ಧಾರಾವಾಹಿಗಳ ಒಂದಷ್ಟು ಭಾಗ ಅಲ್ಲಿ ತಯಾರಾಗುತ್ತಿತ್ತು. ಕಥೆಯ ಹುಡುಗಿ ಕೈ ಎತ್ತುತ್ತಾಳೆ ಎನ್ನಿ. ಕೈ ಕೆಳಗಿರುವ ಚಿತ್ರವನ್ನೂ ಮೇಲೆ ಹೋದ ಚಿತ್ರವನ್ನೂ ಜಪಾನಿನಲ್ಲಿ ಯಾರೋ ದೊಡ್ಡ ಕಲಾವಿದರು ಬರೆದು ಕಳಿಸುತ್ತಾರೆ. ಎರಡರ ನಡುವೆ ಕೈ ಹಾದುಹೋಗುವ ಏಳು ಚಿತ್ರ ಅಕ್ಕನದು. ಆ ನಡುವಿನ ಚಿತ್ರಗಳಿಗೆ ಜಪಾನಿನವರು ‘ದೋಗಾ’ ಎನ್ನುತ್ತಾರಂತೆ. ಸ್ಟುಡಿಯೋದಲ್ಲಿ ಎಲ್ಲರೂ ಹಾಗೇ ಕರೆಯುತ್ತಿದ್ದರು. ಹೀಗೆ ನಮ್ಮ ಮೂಡಲಪಾಳ್ಯದ ಅಡುಗೆಮನೆಗೂ ಆ ಮಾತು ಬಂತು.

“ಇವತ್ತು ಎಷ್ಟಾಯ್ತೇ?” ಎಂದು ಅಮ್ಮ ಕೇಳುವಳು.

“ಮೂವತ್ತು ದೋಗಾ ಅಮ್ಮ. ಕತ್ತು ಹಿಡ್ಕೊಂಡಿದೆ.”

“ದೋಗಾನೋ ದೋಖಾನೋ?” ಎಂದು ನಾನು.

ಇದನ್ನು ಆರು ವರ್ಷ ಹೇಳಿದೆ. ಒಂದೇ ಜೋಕನ್ನು ಆರು ವರ್ಷ ಹೇಳುವುದಕ್ಕೂ ಒಂದು ನಿಷ್ಠೆ ಬೇಕು. ಅಕ್ಕ ಒಮ್ಮೆಯೂ ನಗಲಿಲ್ಲ, ಅದಕ್ಕೂ ಬೇಕು.

ಅಪ್ಪನ ಕೆಲಸವೂ ಗೆರೆಯದ್ದೇ. ಪೀಣ್ಯದ ಕಾರ್ಖಾನೆಯೊಂದರಲ್ಲಿ ಅವರು ಟ್ರೇಸರ್ ಆಗಿದ್ದರು. ಎಂಜಿನಿಯರು ಪೆನ್ಸಿಲಿನಲ್ಲಿ ಬರೆದ ಯಂತ್ರದ ನಕ್ಷೆಯ ಮೇಲೆ ತೆಳುಹಾಳೆ ಹಾಸಿ, ಶಾಯಿಯಲ್ಲಿ ಅದನ್ನೇ ಮತ್ತೆ ಎಳೆಯುವುದು. ಕಂಪ್ಯೂಟರು ಬಂದ ಮೇಲೆ ಅವರನ್ನು ಸಾಮಾನಿನ ಸ್ಟೋರಿಗೆ ಹಾಕಿದರು, ಅಲ್ಲಿಂದಲೇ ನಿವೃತ್ತರಾದರು. ಹಳೆಯ ನಕ್ಷೆಯೊಂದು ಇನ್ನೂ ಮನೆಯಲ್ಲಿದೆ. ಅದರ ಬಲಮೂಲೆಯಲ್ಲಿ ಸಣ್ಣ ಚೌಕಗಳಿವೆ: ಬರೆದವರು, ಪರಿಶೀಲಿಸಿದವರು, ಒಪ್ಪಿದವರು. ಕೊನೆಯಲ್ಲಿ ಬೆರಳುಗುರಿನಷ್ಟು ಜಾಗದಲ್ಲಿ ಟ್ರೇಸ್ ಮಾಡಿದವರು. ಅಲ್ಲಿ ಅಪ್ಪನ ಎರಡಕ್ಷರ.

ಅಕ್ಕ ಕೆಲಸ ಮಾಡಿದ ಧಾರಾವಾಹಿ ಮೊದಲ ಸಲ ನೋಡಲು ಸಿಕ್ಕಾಗ ನಾವೆಲ್ಲ ಅವಳ ಲ್ಯಾಪ್‌ಟಾಪಿನ ಮುಂದೆ ಕೂತೆವು. ಕಥೆ ಮುಗಿದು ಹೆಸರುಗಳು ಮೇಲೇರತೊಡಗಿದವು, ಎಲ್ಲವೂ ಜಪಾನೀ ಲಿಪಿಯಲ್ಲಿ. ಅಮ್ಮ ಎದ್ದು ಹೋದಳು. ಅಪ್ಪ ಕನ್ನಡಕ ಹಾಕಿಕೊಂಡು ಮುಂದೆ ಬಾಗಿದರು.

“ಇದ್ರಲ್ಲಿ ನಿಂದು ಯಾವ್ದಮ್ಮಾ?”

“ಇಲ್ಲ ಅಪ್ಪ. ದೋಗಾದೋರ್ದು ಹಾಕಲ್ಲ. ಸ್ಟುಡಿಯೋದು ಹಾಕ್ತಾರೆ, ಅದು ಆಗ್ಲೇ ಹೋಯ್ತು.”

ಅಪ್ಪ ಕೊನೆಯ ಹೆಸರು ಹೋಗುವವರೆಗೂ ನೋಡಿದರು. ನಾನು ಆಗ ಏನು ಮಾಡುತ್ತಿದ್ದೆ ಎಂದು ಕೇಳಬೇಡಿ. “ಅಂದ್ರೆ ನೀನು ಬರ್ದಿದ್ದೀಯ ಅನ್ನೋದಕ್ಕೆ ಮೂಲ ಎಲ್ಲಿ?” ಎನ್ನುತ್ತಿದ್ದೆ.

ಈ ವರ್ಷ ಯುಗಾದಿಗೆ ಸ್ವಲ್ಪ ಮುಂಚೆ ಅಕ್ಕ ಒಂದು ವರ್ಷ ಕೆಲಸ ಬಿಟ್ಟು ತನ್ನದೇ ಪುಟ್ಟ ಸಿನಿಮಾ ಮಾಡುತ್ತೇನೆ ಎಂದಳು. ಮೂರು ನಿಮಿಷದ್ದು. ಒಬ್ಬ ಮುದುಕ ಮಾಗಡಿ ರಸ್ತೆ ದಾಟುತ್ತಾನೆ, ಅಷ್ಟೇ ಕಥೆ. ಮಾಗಡಿ ರಸ್ತೆ ದಾಟಿದವರಿಗೆ ಇದರಲ್ಲಿ ಎಷ್ಟು ಕಥೆಯಿದೆ ಎಂದು ಗೊತ್ತು. ಪ್ರತಿಯೊಂದು ಚಿತ್ರವನ್ನೂ ಅವಳೊಬ್ಬಳೇ ಬರೆಯಬೇಕು. ಸ್ಟುಡಿಯೋದಿಂದ ಬಂದ ಮೇಲೆ ಕೈ ಏಳುತ್ತಿರಲಿಲ್ಲ, ಭಾನುವಾರಗಳಲ್ಲಿ ಬರೆದರೆ ಮುದುಕ ಫುಟ್‌ಪಾತಿನಲ್ಲೇ ಸಾಯುತ್ತಿದ್ದ.

ಅಪ್ಪ ಬೇಡ ಎಂದರು. ಅವರ ಆಕ್ಷೇಪ ಒಂದೇ. “ಕೈ ನಿಲ್ಲಿಸ್ಬಾರ್ದು ಕಣಮ್ಮ. ಮೇಲೆ ಕೇಳೋರು ಇಲ್ಲಾಂದ್ರೆ ದಿನಾ ಯಾರು ಕೂತ್ಕೊಂಡು ಬರೀತಾರೆ? ಇವತ್ತು ಬೇಡ ನಾಳೆ ಅಂತೀಯ. ಹಂಗೆ ಕೈ ಹೋಗ್ಬಿಡತ್ತೆ.” ಅಪ್ಪ ಒಪ್ಪದೆ ಬಿಡಲು ಅಕ್ಕನಿಗೆ ಮನಸ್ಸಿರಲಿಲ್ಲ. ಅವಳಿಗೆ ಪೆನ್ಸಿಲು ಹಿಡಿಯಲು ಕಲಿಸಿದವರೇ ಅವರು. ಎರಡು ವಾರ ಇಬ್ಬರೂ ಊಟದ ಹೊತ್ತಿನಲ್ಲಿ ಉಪ್ಪಿನಕಾಯಿಯ ಬಗ್ಗೆ ಮಾತ್ರ ಮಾತಾಡಿದರು.

ಆಗ ನನ್ನ ಪ್ರವೇಶ. ಬಸವೇಶ್ವರನಗರದ ಒಂದು ಗ್ರಂಥಾಲಯದ ಮಹಡಿಯಲ್ಲಿ ತಿಂಗಳಿಗೊಮ್ಮೆ ಭಾನುವಾರ ಬೆಳಿಗ್ಗೆ ಯಾರಾದರೂ ಒಬ್ಬ ಕಲಾವಿದರ ಬದುಕಿನ ಬಗ್ಗೆ ಮಾತಾಡುತ್ತಾರೆ. ಅಲ್ಲಿ ಮಾತಾಡಬೇಕಿದ್ದವರಿಗೆ ಗಂಟಲು ಕಟ್ಟಿತು. ಅಕ್ಕ ನನ್ನ ಹೆಸರು ಕೊಟ್ಟುಬಂದಳು. ವಿಷಯವನ್ನೂ ಅವಳೇ ಆರಿಸಿದ್ದಳು: ಅವಳ ಆರಾಧ್ಯದೈವವಾದ ಒಬ್ಬ ಜಪಾನೀ ಅನಿಮೇಷನ್ ನಿರ್ದೇಶಕರು. ನಮ್ಮ ಮನೆಯಲ್ಲಿ ಅವರಿಗೆ ‘ಜಪಾನ್ ತಾತ’ ಎಂದೇ ಹೆಸರು.

“ತಾತಂದೊಂದು ಇಂಟರ್‌ವ್ಯೂ ಕಳಿಸ್ತೀನಿ, ನೋಡ್ಕೊಂಡು ಮಾತಾಡೋ. ಅಪ್ಪನ್ನೂ ಕರ್ಕೊಂಡು ಬರ್ತೀನಿ.”

“ಭಕ್ತಿಗೀತೆ ಹಾಡಲ್ಲ ನಾನು. ಇರೋದನ್ನ ಹೇಳ್ತೀನಿ.”

“ಇರೋದನ್ನೇ ಹೇಳಪ್ಪ. ನೆಟ್ಟಗೆ ನೋಡ್ಕೊಂಡು ಹೇಳು.”

ತಾತನ ಬಗ್ಗೆ ಎಲ್ಲರೂ ಹೇಳುವ ಕಥೆ ಹೀಗಿದೆ. ಅವರೊಬ್ಬ ಸೈಕಲ್ ರಿಪೇರಿಯವನ ಮಗ. ಒಂದು ದಿನ ಸಮುದ್ರದ ದಡದಲ್ಲಿ ಕೂತಿದ್ದಾಗ ಅಲೆ ನೋಡಿ ಸ್ಫೂರ್ತಿ ಬಂತು. ಎದ್ದು ಹೋಗಿ ಸಿನಿಮಾ ಮಾಡಿದರು. ಮೊದಲನೆಯದನ್ನು ಯಾರೂ ನೋಡಲಿಲ್ಲ, ಎರಡನೆಯದನ್ನು ಲೋಕವೇ ನೋಡಿತು. ಅಲೆಯ ಭಾಗ ಕೇಳಿದ್ದೇ ನನ್ನ ಮೈಯೆಲ್ಲ ತುರಿಸತೊಡಗಿತು. ಅಲೆ ನೋಡಿ ಸಿನಿಮಾ ಬರುವುದಾದರೆ ನಮ್ಮ ಮಂಗಳೂರಿನ ಮೀನುಗಾರರೆಲ್ಲ ನಿರ್ದೇಶಕರಾಗಬೇಕಿತ್ತು.

ಅಕ್ಕ ಕಳಿಸಿದ ಸಂದರ್ಶನವನ್ನು ನಾನು ಅತ್ತಿಗುಪ್ಪೆಯಿಂದ ಕೆಂಗೇರಿಗೆ ಮೆಟ್ರೋದಲ್ಲಿ ಹೋಗುತ್ತಾ ನೋಡಿದೆ. ಇಯರ್‌ಫೋನು ಮನೆಯಲ್ಲಿ ಉಳಿದಿತ್ತು. ಜಪಾನೀ ಭಾಷೆ ಹೇಗೂ ಬರುವುದಿಲ್ಲ, ಕೇಳಿ ಆಗಬೇಕಾದ್ದೇನು ಎಂದು ಸದ್ದು ಮುಚ್ಚಿ, ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ಓದುತ್ತಾ ಹೋದೆ. ಆ ಸಾಲುಗಳನ್ನು ಯಂತ್ರವೇ ಅನುವಾದಿಸಿ ಹಾಕಿತ್ತು. ಒಂದು ಕಡೆ ತಾತ ತಲೆ ತಗ್ಗಿಸಿ ನಕ್ಕು ಏನೋ ಹೇಳಿದರು. ಕೆಳಗೆ ಬಂತು: “ಐ ವಾಸ್ ಇನ್ ಬಿಟ್ವೀನ್ ಫಾರ್ ಇಲೆವೆನ್ ಇಯರ್ಸ್.”

ನಾನು ಮೆಟ್ರೋ ಕಂಬಿ ಹಿಡಿದುಕೊಂಡೇ ರೋಮಾಂಚನಗೊಂಡೆ. ನನ್ನ ಗೆಳೆಯರಲ್ಲಿ ಅರ್ಧ ಜನ ತಮ್ಮ ಬಗ್ಗೆ ಬರೆದುಕೊಳ್ಳುವುದೇ ಹೀಗೆ: ‘ಇನ್ ಬಿಟ್ವೀನ್ ಜಾಬ್ಸ್.’ ಒಂದು ಕೆಲಸ ಹೋಗಿದೆ, ಇನ್ನೊಂದು ಸಿಕ್ಕಿಲ್ಲ, ಸದ್ಯ ಟೀ ಅಂಗಡಿಯಲ್ಲಿದ್ದೇನೆ ಎಂದರ್ಥ. ಅಂದರೆ ಲೋಕವೇ ಕೊಂಡಾಡುವ ಈ ಮನುಷ್ಯ ಹನ್ನೊಂದು ವರ್ಷ ಖಾಲಿ ಕೂತಿದ್ದ! ಅಲೆಯೂ ಇಲ್ಲ, ಗಿಲೆಯೂ ಇಲ್ಲ. ಇಷ್ಟು ದೊಡ್ಡ ಸಂಗತಿಯನ್ನು ಯಾವ ಭಕ್ತನೂ ಹೇಳಿರಲಿಲ್ಲ. ಯಾರೂ ಹೇಳದ್ದು ಸಿಕ್ಕಿದರೆ, ಯಾಕೆ ಯಾರೂ ಹೇಳಿಲ್ಲ ಎಂದು ಅನುಮಾನ ಪಡಬೇಕು. ಚರ್ಚಾಸ್ಪರ್ಧಿಗೆ ಆ ಅನುಮಾನ ಬರುವುದಿಲ್ಲ. ಬಹುಮಾನ ಕಣ್ಣ ಮುಂದೆ ಬರುತ್ತದೆ.

ಕನ್ನಡದಲ್ಲಿ ಏನು ಹೇಳುವುದು? ನಾಯಂಡಹಳ್ಳಿ ದಾಟುವಾಗ ಹೊಳೆಯಿತು. ಮಧ್ಯಂತರ. ಇಂಟರ್ವಲ್.

ಆ ಭಾನುವಾರ ಹಾಲ್‌ನಲ್ಲಿ ಮೂವತ್ತು ಜನರಿದ್ದರು. ಮೂರನೇ ಸಾಲಿನಲ್ಲಿ ಇಸ್ತ್ರಿ ಅಂಗಿ ಹಾಕಿಕೊಂಡು ಅಪ್ಪ, ಪಕ್ಕದಲ್ಲಿ ಅಕ್ಕ. ನಾನು ಸ್ಫೂರ್ತಿಯ ಕಥೆಯನ್ನು ಹತ್ತು ನಿಮಿಷದಲ್ಲಿ ಚಿಂದಿ ಮಾಡಿದೆ. ಆಮೇಲೆ ದನಿ ತಗ್ಗಿಸಿ, “ಅವರ ವೃತ್ತಿಯಲ್ಲಿ ಅಲೆ ಇರಲಿಲ್ಲ ಮಿತ್ರರೇ, ಹನ್ನೊಂದು ವರ್ಷದ ಇಂಟರ್ವಲ್ ಇತ್ತು” ಎಂದೆ. “ಆ ಹನ್ನೊಂದು ವರ್ಷ ಅವರು ಒಂದು ಗೆರೆಯನ್ನೂ ಎಳೆಯಲಿಲ್ಲ. ನಮ್ಮ ಸಿನಿಮಾಗಳಲ್ಲೇ ನೋಡಿ, ಇಂಟರ್ವಲ್ ಆದ ಮೇಲಲ್ಲವೇ ಕಥೆ ತಿರುಗುವುದು?” ‘ಒಂದು ಗೆರೆಯನ್ನೂ ಎಳೆಯಲಿಲ್ಲ’ ಎಂಬುದು ಯಂತ್ರವೂ ಹೇಳಿರಲಿಲ್ಲ. ಮಾತಿನ ಓಟದಲ್ಲಿ ನಾನೇ ಸೇರಿಸಿದೆ. ಚಪ್ಪಾಳೆ ಬಿತ್ತು. ಅಕ್ಕ ಕರ್ಚೀಫಿನಿಂದ ಬಾಯಿ ಮುಚ್ಚಿಕೊಂಡು ತಲೆ ತಗ್ಗಿಸಿದ್ದಳು. ತಮ್ಮನ ಮಾತಿಗೆ ಕಣ್ಣು ತುಂಬಿ ಬಂದಿದೆ ಎಂದುಕೊಂಡೆ.

ಮಧ್ಯಾಹ್ನ ಮನೆಯಲ್ಲಿ ಊಟವಾದ ಮೇಲೆ ಅವಳು ಅಡುಗೆಮನೆಯಿಂದ ಕಣ್ಸನ್ನೆ ಮಾಡಿದಳು. “ಆ ಇಂಟರ್ವಲ್ ಪಾಯಿಂಟು ಅಪ್ಪಂಗೆ ಇನ್ನೊಂದ್ಸಲ ಹೇಳೋ.”

ಹೇಳಿದೆ. ಅರ್ಧ ಗಂಟೆ ಹೇಳಿದೆ. ಕೈ ನಿಂತರೆ ಹೋಗುತ್ತದೆ ಎಂಬುದು ಅಪ್ಪನ ವಾದ. ಇಲ್ಲಿ ಹನ್ನೊಂದು ವರ್ಷ ನಿಂತ ಕೈಯೇ ಬಂದು ಲೋಕ ಗೆದ್ದಿದೆ. ಆದ್ದರಿಂದ ಅಪ್ಪನ ವಾದ ಬಿದ್ದುಹೋಯಿತು. ಅಕ್ಕ ಕೇಳುತ್ತಿರುವುದು ಹನ್ನೊಂದಲ್ಲ, ಒಂದು. ಅದರಲ್ಲೂ ಅವಳ ಕೈ ನಿಲ್ಲುವುದೂ ಇಲ್ಲ.

ಎಲ್ಲ ಮುಗಿದ ಮೇಲೆ ಅಪ್ಪ, “ಆತ ಬರ್ದಿರೋದು ಇದ್ಯಾ ಮನೇಲಿ?” ಎಂದು ಕೇಳಿದರು. ಅಕ್ಕ ತನ್ನ ಪುಸ್ತಕ ತಂದು, ತಾತ ಕೈಯಾರೆ ಬರೆದ ಒಂದು ಚಿತ್ರದ ಪುಟ ತೆರೆದಿಟ್ಟಳು. ಅಕ್ಕಿ ತೊಳೆಯುತ್ತಿರುವ ಹುಡುಗಿ. ಅಪ್ಪ ಬೀರುವಿನಿಂದ ಕಾರ್ಖಾನೆ ಕಾಲದ ಭೂತಗನ್ನಡಿ ತೆಗೆದು, ಹುಡುಗಿಯ ಮಣಿಕಟ್ಟಿನ ಗೆರೆಯ ಮೇಲೆ ತುಂಬ ಹೊತ್ತು ಹಿಡಿದರು.

“ಇದು ಆ ಇಂಟರ್ವಲ್ ಆದ್ಮೇಲೆ ಬರ್ದಿದ್ದಾ?”

“ಹೌದಪ್ಪ” ಎಂದಳು ಅಕ್ಕ.

“ಹನ್ನೊಂದು ವರ್ಷ ಬಿಟ್ಟಿದ್ನಾ?”

“ಅವರೇ ಹೇಳಿದಾರೆ. ಮೂಲ ಇದೆ ನನ್ಹತ್ರ” ಎಂದೆ ನಾನು.

ಅಪ್ಪ ಕನ್ನಡಕದ ಮೇಲಿನಿಂದ ಅಕ್ಕನನ್ನು ನೋಡಿದರು. ಅಕ್ಕ ಉಗುರಿನ ಶಾಯಿ ಕೆರೆಯುತ್ತಿದ್ದಳು. “ಸರಿ, ಒಂದು ವರ್ಷ” ಎಂದು ಅಪ್ಪ ಪುಸ್ತಕ ಮುಚ್ಚಿದರು. ನಾನು ಒಳಗೊಳಗೇ ಗಂಟೆ ಬಾರಿಸಿಕೊಂಡೆ.

ಅಲ್ಲಿಂದ ಅಕ್ಕ ಮಹಡಿಯ ಮೇಲಿನ ತಗಡಿನ ಕೋಣೆ ಹಿಡಿದಳು. ಬೆಳಿಗ್ಗೆ ಎಂಟಕ್ಕೆ ಹತ್ತಿದರೆ ಸಂಜೆ ಆರಕ್ಕೆ ಇಳಿಯುವಳು. ಅಪ್ಪನೋ ಚಂದ್ರಾ ಲೇಔಟಿನ ಪಾರ್ಕಿನಲ್ಲಿ ವಾಕಿಂಗ್ ಗೆಳೆಯರಿಗೆಲ್ಲ ಇದನ್ನೇ ಹೇಳಿಕೊಂಡು ತಿರುಗಿದರು. ಒಂದು ದಿನ ಹಾಲು ತರಲು ಹೋದಾಗ ನಾನೇ ಕೇಳಿಸಿಕೊಂಡೆ: “ಜಪಾನಲ್ಲೊಬ್ರು ಹನ್ನೊಂದು ವರ್ಷ ಇಂಟರ್ವಲ್ ತಗೊಂಡಿದ್ರು ಸಾರ್. ನಮ್ಮ ಹುಡ್ಗೀದು ಒಂದೇ ವರ್ಷ.” ನನ್ನ ವಾದ ಪಾರ್ಕಿಗೂ ತಲುಪಿತಲ್ಲ ಎಂದು ಅವತ್ತು ಅರ್ಧ ಲೀಟರು ಹೆಚ್ಚು ಹಾಲು ತಂದೆ.

ಮೊನ್ನೆ, ಅಂದರೆ ಅವರೆಕಾಯಿ ಬಂದು ಬೀದಿಯೆಲ್ಲ ಅದರದೇ ವಾಸನೆ ಏಳುತ್ತಿದ್ದ ಈ ಡಿಸೆಂಬರಿನಲ್ಲಿ, ಇನ್ನೊಂದು ಸಂದರ್ಶನಕ್ಕೆ ಹೋಗುತ್ತಾ ಮೆಟ್ರೋದಲ್ಲಿ ಕೂತಿದ್ದೆ. ಸ್ವಲ್ಪ ಧೈರ್ಯ ಬರಲಿ ಎಂದು ನನ್ನ ಗೆಲುವಿನ ಮೂಲವನ್ನು ಮತ್ತೆ ನೋಡೋಣ ಎನ್ನಿಸಿತು. ಈ ಸಲ ಕಿವಿಯಲ್ಲಿ ಇಯರ್‌ಫೋನ್ ಇತ್ತು. ತಾತ ತಲೆ ತಗ್ಗಿಸಿ ನಕ್ಕರು. ಮಾತಾಡಿದರು. ಅರ್ಥವಾಗದ ಆ ಭಾಷೆಯ ನಡುವಿನಿಂದ, ನಮ್ಮ ಅಡುಗೆಮನೆಯಲ್ಲಿ ಆರು ವರ್ಷ ಕೇಳಿದ ಒಂದು ಪದ ಸ್ಪಷ್ಟವಾಗಿ ಬಂತು.

ದೋಗಾ.

ಹಿಂದಕ್ಕೆ ಎಳೆದು ಕೇಳಿದೆ. ದೋಗಾ. ಮತ್ತೊಮ್ಮೆ. ಎದುರು ಸೀಟಿನ ಆಂಟಿ ನನ್ನ ಮುಖ ನೋಡಿ ನೀರಿನ ಬಾಟಲಿ ಚಾಚಿದರು. ಹುಡುಕಿ ನೋಡಿದರೆ ಎರಡೇ ನಿಮಿಷದಲ್ಲಿ ಸಿಕ್ಕಿತು: ದೋಗಾಕ್ಕೆ ಇಂಗ್ಲಿಷಿನಲ್ಲಿ ಇನ್‌ಬಿಟ್ವೀನ್ ಎನ್ನುತ್ತಾರೆ. ತಾತ ಹನ್ನೊಂದು ವರ್ಷ ಖಾಲಿ ಕೂತಿರಲಿಲ್ಲ. ಹನ್ನೊಂದು ವರ್ಷ ಒಂದು ದಿನವೂ ಬಿಡದೆ, ಯಾರೋ ಬರೆದ ಎರಡು ಚಿತ್ರಗಳ ನಡುವಿನ ಚಿತ್ರ ಬರೆದಿದ್ದರು. ಹೆಸರಿಲ್ಲದೆ. ನಮ್ಮ ಅಕ್ಕನ ಹಾಗೆ.

ಇದರ ಪರಿಣಾಮ ನೋಡಿ. ಅಪ್ಪನ ವಿರುದ್ಧ ನಾನು ಎಸೆದ ಒಂದೇ ಸಾಕ್ಷ್ಯ ಅಪ್ಪನ ಪರವಾಗಿತ್ತು. ಕೈ ನಿಲ್ಲಿಸಬಾರದು, ಮೇಲೆ ಕೇಳುವವರಿರಬೇಕು, ಹನ್ನೊಂದು ವರ್ಷ ಕೂತು ಬರೆದವನೇ ನಿರ್ದೇಶಕನಾದ. ಅಕ್ಕನದು ಆರೇ ಆಗಿತ್ತು. ಸಾಕ್ಷ್ಯ ಸುಳ್ಳೆಂದು ಗೊತ್ತಾದರೆ ಎದ್ದು ನಿಂತು ಹೇಳಬೇಕು ಎಂಬುದು ನಾವು ಕಲಿತ ನಿಯಮ. ಐದು ವರ್ಷದಲ್ಲಿ ನಾನು ಯಾವತ್ತೂ ಹೇಳಿರಲಿಲ್ಲ, ಆ ಮಾತು ಬೇರೆ. ಈಗ ಹೇಳಿದರೆ ಅಪ್ಪ ಏನೆನ್ನುತ್ತಾರೆ? ಅಕ್ಕನ ವರ್ಷಕ್ಕೆ ಇನ್ನೂ ಮೂರು ತಿಂಗಳಿತ್ತು. ಅವಳ ಮುದುಕ ರಸ್ತೆ ಮಧ್ಯದ ಡಿವೈಡರಿನ ಮೇಲೆ ನಿಂತಿದ್ದ. ಸ್ಟುಡಿಯೋದವರೋ ಅವಳನ್ನು ವಾಪಸು ಬಾ ಎಂದು ಕರೆಯುತ್ತಲೇ ಇದ್ದರು.

ಸಂದರ್ಶನಕ್ಕೆ ಹೋಗದೆ ಮನೆಗೆ ಬಂದು ಮಹಡಿ ಹತ್ತಿದೆ. ಅಕ್ಕ ಮುದುಕನ ಎಡಗಾಲು ಬರೆಯುತ್ತಿದ್ದಳು.

“ಅಕ್ಕಾ, ಇನ್ ಬಿಟ್ವೀನ್ ಅಂದ್ರೆ ಏನು?”

ಅವಳು ತಿರುಗಿದಳು. ಎರಡು ಕ್ಷಣ ನನ್ನ ಮುಖ ನೋಡಿದಳು. ಆಮೇಲೆ ಪೆನ್ಸಿಲು ಕೆಳಗಿಟ್ಟು ನಗತೊಡಗಿದಳು. ಆರು ವರ್ಷದ ಜೋಕುಗಳಿಗೆಲ್ಲ ಒಟ್ಟಿಗೆ ನಗುವವಳ ಹಾಗೆ.

“ಅಯ್ಯೋ ದೇವ್ರೇ, ಇವತ್ತು ಗೊತ್ತಾಯ್ತೇನೋ? ಒಂಬತ್ತು ತಿಂಗ್ಳು ಬೇಕಾಯ್ತಾ?”

“ನಿಂಗೆ ಅವತ್ತೇ ಗೊತ್ತಿತ್ತು.”

“ಆ ವೀಡಿಯೋ ನಲವತ್ತು ಸಲ ನೋಡಿದೀನಿ ಕಣೋ. ನೀನು ಮಿತ್ರರೇ ಅಂತ ಕೈ ಎತ್ತಿ ಒಂದು ಗೆರೇನೂ ಎಳೀಲಿಲ್ಲ ಅಂದ್ಯಲ್ಲ, ನಗು ತಡ್ಕೊಳ್ಳಕ್ಕಾಗ್ದೆ ಕರ್ಚೀಫ್ ಕಚ್ಕೊಂಡಿದ್ದೆ. ಇನ್ನೂ ಹಲ್ಲಿನ ಗುರುತಿದೆ, ತೋರಿಸ್ಲಾ? ಮೂಲ ಬೇಕಲ್ಲ ನಿಂಗೆ.”

“ಮತ್ತೆ ಯಾಕೆ ಹೇಳ್ಲಿಲ್ಲ?”

ನಗು ನಿಂತಿತು. “ಹೊರಗೆ ಬಂದು ಹೇಳ್ಬೇಕು ಅಂದ್ಕೊಂಡೆ. ಅಷ್ಟ್ರಲ್ಲಿ ಅಪ್ಪ ಬಸ್‌ಸ್ಟಾಪಲ್ಲಿ, ಅವನು ಹೇಳಿದ್ದು ನಿಜಾನೇನಮ್ಮ ಅಂತ ಕೇಳಿದ್ರು. ನಂಗೆ ಬೇಕಾಗಿತ್ತು ಕಣೋ ಆ ವರ್ಷ. ಹೌದಪ್ಪ ಅಂದ್ಬಿಟ್ಟೆ.”

“ಇದು ದೋಖಾ ಅಲ್ವಾ?”

“ಹೌದು” ಎಂದು ಪೆನ್ಸಿಲು ಎತ್ತಿಕೊಂಡಳು. “ಹೋಗಿ ಹೇಳು. ಹೇಳ್ಬೇಡ ಅನ್ನಲ್ಲ. ಅವರು ವಾಪಸ್ ಹೋಗು ಅಂದ್ರೆ ಹೋಗ್ತೀನಿ. ಈ ಕಾಲೊಂದು ಕೆಳಗಿಡಿಸ್ಬಿಟ್ಟು.”

ಕೆಳಗೆ ಅಪ್ಪ ಬಾಗಿಲ ಮೆಟ್ಟಿಲ ಮೇಲೆ ಕೂತು, ನೆನೆಸಿದ ಅವರೆಕಾಳು ಹಿತುಕುತ್ತಿದ್ದರು. ಹೆಬ್ಬೆರಳು ತೋರುಬೆರಳ ನಡುವೆ ಒಂದೊಂದನ್ನೇ ಒತ್ತಿ, ಸಿಪ್ಪೆ ಎಡಕ್ಕೆ, ಕಾಳು ಬಲಕ್ಕೆ. ನಾನು ಪಕ್ಕದಲ್ಲಿ ಕೂತೆ. ಹತ್ತು ಕಾಳು ಹಿತುಕಿ ಮೂರನ್ನು ಚರಂಡಿಗೆ ಹಾರಿಸಿದೆ.

“ಅಪ್ಪ, ಆ ಇಂಟರ್ವಲ್ ವಿಷ್ಯ. ನಾನು ತಪ್ಪು ಓದ್ಕೊಂಡಿದ್ದೆ. ಜಪಾನ್ ತಾತ ಹನ್ನೊಂದು ವರ್ಷ ಕೆಲ್ಸ ಬಿಟ್ಟಿರ್ಲಿಲ್ಲ. ಅಕ್ಕ ಮಾಡ್ತಿದ್ದ ಕೆಲ್ಸಾನೇ ಮಾಡ್ತಿದ್ರು.”

“ಹೂಂ.”

“ಅಂದ್ರೆ ನೀವು ಹೇಳಿದ್ದೇ ಸರಿ ಇತ್ತು.”

“ಹೂಂ.”

“ಅಪ್ಪ, ಕೇಳಿಸ್ತಾ?”

“ಕೇಳಿಸ್ತು ಕಣೋ. ನನ್ ಕಣ್ಣೇನು ಹೋಗಿದ್ಯಾ? ಮಣಿಕಟ್ಟು ಮುರ್ಕೊಂಡು ಮೂರು ತಿಂಗ್ಳು ರಜ ಹಾಕಿ ಬಂದಾಗ ನಾನು ಎಳೆದ ಮೊದಲ್ನೇ ಶೀಟು ನೋಡ್ಬೇಕಿತ್ತು ನೀನು, ಇರುವೆ ಕುಡ್ದು ನಡೆದಂಗಿತ್ತು. ಹನ್ನೊಂದು ವರ್ಷ ಬಿಟ್ಟ ಕೈಯಲ್ಲಿ ಆ ಹುಡ್ಗಿ ಕೈ ಬರತ್ತೇನೋ? ದಿನಾ ಕೂತು ಎಳ್ದಿರೋ ಗೆರೆ ಅದು.”

ಹೀಗೆ ಮೂಡಲಪಾಳ್ಯದ ಒಂದು ಮೆಟ್ಟಿಲ ಮೇಲೆ, ನನ್ನ ಐದು ವರ್ಷದ ಚರ್ಚಾಜೀವನದ ಅಂತಿಮ ಫಲಿತಾಂಶ ಪ್ರಕಟವಾಯಿತು. ಅವತ್ತಿನ ನನ್ನ ವಾದವನ್ನು ನಂಬಿದವನು ಮನೆಯಲ್ಲಿ ಒಬ್ಬನೇ, ಅದು ನಾನು. ಅಮ್ಮನನ್ನೂ ಸೇರಿಸಬಹುದು, ಆದರೆ ಅಮ್ಮ ‘ಮೊಬೈಲು ಶಾಪ’ ಎಂದಾಗಲೂ ಚಪ್ಪಾಳೆ ತಟ್ಟಿದವಳು.

ಅಪ್ಪ ಇನ್ನೊಂದು ಹಿಡಿ ಕಾಳು ತೆಗೆದುಕೊಂಡರು. ಮೇಲೆ ತಗಡಿನ ಕೋಣೆಯಲ್ಲಿ ಕುರ್ಚಿ ಎಳೆದ ಸದ್ದಾಯಿತು. ಅವರು ತಲೆಯೆತ್ತಿ ಆ ಕಡೆ ಒಮ್ಮೆ ನೋಡಿದರು. ಅಕ್ಕ ವಾಪಸು ಹೋಗಲಿ ಎಂದು ಅವರು ಹೇಳಲಿಲ್ಲ, ಹೇಳುವ ಹಾಗೂ ಕಾಣಲಿಲ್ಲ. ಪಾರ್ಕಿನಲ್ಲಿ ಒಂಬತ್ತು ತಿಂಗಳು ಅವರು ಹೇಳಿಕೊಂಡು ಬಂದ ಆ ಹನ್ನೊಂದು ವರ್ಷದ ಕಥೆ ನೆನಪಾಯಿತು. ಸುಳ್ಳೆಂದು ಗೊತ್ತಿದ್ದೂ ದಿನಾ ಹೇಳಿದ್ದರು.

“ಹಾಗಿದ್ರೆ ಅಪ್ಪ, ಅವತ್ತು ನೀವು ಯಾಕೆ ಸರಿ ಅಂದ್ರಿ?”

“ಆ ಲ್ಯಾಪ್‌ಟಾಪಲ್ಲಿ ಕೊನೇ ಹೆಸ್ರು ಹೋಗೋವರ್ಗೂ ನೋಡಿದ್ನಲ್ಲೋ, ಅವಳ್ದು ಬರ್ಲೇ ಇಲ್ಲ” ಎಂದು ಅಪ್ಪ ಮುಂದಿನ ಕಾಳು ಹಿತುಕಿದರು.